ಗೋಡೆಯ ಬಣ್ಣದ ಮುಖಗಳು

ಜನವರಿ 9, ಗುರುವಾರ

ಬೆಳಿಗ್ಗೆಯಿಂದ ಒಬ್ಬ ಮುದುಕಿಯ ಮುಖ ಒರೆಸುತ್ತಿದ್ದೇನೆ. ಹೋಗವಲ್ಲದು. ಸುಮ್ಮನೆ ಕೂತವರನ್ನು ಒರೆಸುವುದು ಸುಲಭ. ಈಕೆ ಎಲೆ-ಅಡಿಕೆ ಜಗಿಯುತ್ತಾಳೆ, ಪ್ರತಿ ಫ್ರೇಮಿನಲ್ಲೂ ದವಡೆ ಬೇರೆ ಕಡೆ. ಒಂದು ಸೆಕೆಂಡಿಗೆ ಇಪ್ಪತ್ತೈದು ಫ್ರೇಮು. ಪ್ರತಿಯೊಂದರಲ್ಲೂ ಮುಖದ ಜಾಗಕ್ಕೆ ಹಿಂದಿನ ಗೋಡೆಯ ಬಣ್ಣ ತುಂಬಬೇಕು. ಮುಗಿದ ಮೇಲೆ ದುಪಟ್ಟಾ ಇರುತ್ತದೆ, ಬಳೆ ಇರುತ್ತದೆ, ನಗು ಕೇಳಿಸುತ್ತದೆ. ಮುಖ ಇದ್ದಲ್ಲಿ ಗೋಡೆ.

ಕಾಲೇಜಿನಲ್ಲಿ ಮಕ್ಕಳಿಗೆ ಮುಖ ಬರೆಯಲು ಕಲಿಸುವುದು, ಮನೆಗೆ ಬಂದು ಮುಖ ಅಳಿಸುವುದು. ಅವ್ವ ಇದ್ದಿದ್ದರೆ, "ಮಲ್ಲಿಕಾ, ಇದಕ್ಕ ಇಷ್ಟು ಓದಿದೇನ?" ಅನ್ನುತ್ತಿದ್ದಳು.

ಮಧ್ಯಾಹ್ನ ಕೆಳಗಿನ ಮನೆಯಿಂದ ಜುಬೇದಾ ಆಪಾ ಹತ್ತಿ ಬಂದಳು. ಮೊಣಕಾಲು ಹಿಡಿದುಕೊಂಡು, ಏದುಸಿರು ಬಿಡುತ್ತ. ಕೊನೆಯ ಕ್ಯಾಸೆಟ್ ಕಾಪಿ ಆಗಿದೆ ಅಂದೆ. ಕೂತಲ್ಲೇ ರೀಲು ಎಳೆದಳು, ಕತ್ತರಿಯಿಂದ ತುಂಡು ತುಂಡು ಮಾಡಿದಳು, ಸೆರಗಿನಲ್ಲಿ ಕಟ್ಟಿಕೊಂಡು ಹೋಗಿ ನೀರೊಲೆಗೆ ಹಾಕಿದಳು. ಪ್ಲಾಸ್ಟಿಕ್ ವಾಸನೆ ಇನ್ನೂ ಹೋಗಿಲ್ಲ.

ಶರತ್ತು ಮೊದಲ ದಿನವೇ ಆಗಿತ್ತು. ಇವೆಲ್ಲ ಆಪಾ ತೆಗೆದ ಮದುವೆ ವಿಡಿಯೋಗಳು. ಆ ಕಾಲದಲ್ಲಿ ಮುಸಲ್ಮಾನರ ಮದುವೆಗಳಲ್ಲಿ ಹೆಂಗಸರ ಕಡೆ ಗಂಡಸು ಕ್ಯಾಮೆರಾ ಹಿಡಿದು ಹೋಗುವಂತಿರಲಿಲ್ಲ. ಊರೊಳಗಿನ ಶಹಾಬಜಾರದಿಂದ ದೂರದ ಕಮಲಾಪುರದವರೆಗೆ ಆಪಾ ಒಬ್ಬಳೇ ಹೋಗುತ್ತಿದ್ದಳು. ಓಣಿಯ ಹುಡುಗಿ ನಾನು, ಹಿಂದೆ ಲೈಟ್ ಹಿಡಿಯುತ್ತಿದ್ದೆ. ಮನೆಯವರಿಗೆ ಹಾಡು ಹಾಕಿದ ಕಾಪಿ, ಮೂಲ ಕ್ಯಾಸೆಟ್ ಆಪಾಳ ಟ್ರಂಕಿನಲ್ಲಿ.

"ಇದು ಅಮಾನತ್ತು, ಮಂದಿ ಕಾಯಾಕ ಕೊಟ್ಟದ್ದು," ಅಂದಿದ್ದಳು ನನ್ನ ಪ್ರದರ್ಶನಕ್ಕೆ ಟ್ರಂಕು ಕೊಡುವಾಗ. "ನನ್ನ ನಂಬಿ ಮಾರಿ ತೋರಸ್ಯಾರ, ಊರಿಗಲ್ಲ. ನೀ ಏನರೆ ಮಾಡ್ಕೊ, ಒಂದು ಮಾರಿನೂ ಉಳಿಬಾರದು. ನಿನ್ನ ಮಷಿನ್ಯಾಗನೂ ಉಳಿಬಾರದು."

ಉಳಿಸಿಲ್ಲ. ಒರೆಸಿದ್ದನ್ನು ಅದೇ ಫೈಲಿನ ಮೇಲೆ ಸೇವ್ ಮಾಡುತ್ತೇನೆ. ಪ್ರಾಮಾಣಿಕಳು ಅನ್ನುವ ಜಂಬ ಬೇರೆ.

ಜನವರಿ 25, ಶನಿವಾರ

ಪ್ರದರ್ಶನ ಶುರು. ಕಾಲೇಜಿನ ಹಾಲು, ಕಪ್ಪು ಪರದೆ, ಪ್ರೊಜೆಕ್ಟರ್. ಆಪಾ ಮೊದಲ ಸಾಲಿನಲ್ಲಿ ಕೂತು ಪೂರ್ತಿ ನೋಡಿದಳು, ಪರೀಕ್ಷೆಯಲ್ಲಿ ಕಾಪಿ ಹಿಡಿಯುವ ಮಾಸ್ತರರ ಹಾಗೆ. ಕಮಲಾಪುರದ ಮದುವೆಯಲ್ಲಿ ಜಲ್ವಾ ಬಂತು. ಮದುಮಗ ಮದುಮಗಳ ಮುಖವನ್ನು ಮೊದಲ ಸಲ ಕನ್ನಡಿಯಲ್ಲಿ ನೋಡುವ ಶಾಸ್ತ್ರ. ಆಪಾ ಮುಂದಕ್ಕೆ ಬಾಗಿದಳು. ಕನ್ನಡಿಯೊಳಗಿನ ಮುಖವನ್ನೂ ಒರೆಸಿದ್ದೆ. ಮದುಮಗ ಕನ್ನಡಿಯಲ್ಲಿ ಗೋಡೆ ನೋಡುತ್ತಾನೆ.

"ಛಲೋ ಮಾಡಿದಿ," ಅಂದಳು.

ಖುಷಿಯಾಯಿತು. ಬರೆದಿಡುತ್ತೇನೆ, ಖುಷಿಯಾಯಿತು.

ಜನವರಿ 28, ಮಂಗಳವಾರ

ಹಾಲ್ ಮುಚ್ಚುವ ಹೊತ್ತಿಗೆ ಒಬ್ಬಳು ಎದ್ದಿರಲಿಲ್ಲ. ಬುರ್ಖಾ, ತೊಡೆಯ ಮೇಲೆ ಕಾಲೇಜ್ ಬ್ಯಾಗು. ಸಿದ್ರಾ ಅಂತ ಹೆಸರು, ಕಮಲಾಪುರದವಳು, ದಿನಾ ಬಸ್ಸಿನಲ್ಲಿ ಡಿಗ್ರಿಗೆ ಬರುತ್ತಾಳೆ.

"ಮೇಡಂ, ಆ ಅಂಗಳ ನಮ್ಮನಿದು."

ಯಾವ ಅಂಗಳ ಅಂದೆ.

"ಜಲ್ವಾ ಇರೋದು. ಹಿಂದ ಬಾಳಿ ಗಿಡ, ಬಾವಿ ಕಟ್ಟಿ. ಒಬ್ಬಾಕಿ 'ಖಾಸಿಂಬೀ, ಚಾದರ ತಾ' ಅಂತ ಕೂಗ್ತಾಳಲ್ರಿ, ಖಾಸಿಂಬಿ ನಮ್ಮ ದಾದಿ, ಅಪ್ಪನ ಅವ್ವ. ಮದುಮಗಳು ನಮ್ಮ ಅಪ್ಪನ ಅಕ್ಕ. ಶಮೀಮ್ ಅಂತ."

ಶಮೀಮ್ ಮೊದಲ ಹೆರಿಗೆಯಲ್ಲೇ ತೀರಿಹೋದಳಂತೆ, ಸಿದ್ರಾ ಹುಟ್ಟುವುದಕ್ಕೆ ಎಷ್ಟೋ ಮೊದಲು. ಮನೆಯಲ್ಲಿ ಒಂದೂ ಫೋಟೊ ಇಲ್ಲ.

"ಮಾರಿ ಒರೆಸಲಾರದ್ದು ಇರ್ತದಲ್ರಿ ನಿಮ್ಮ ಹಂತ್ಯಾಕ? ಅದು ಕೊಡ್ರಿ. ಯಾರಿಗೂ ತೋರಸಂಗಿಲ್ಲ. ದಾದಿಗಷ್ಟೇ."

ನೋಡುತ್ತೇನೆ ಅಂದೆ. ನೋಡುವುದಕ್ಕೆ ಏನಿದೆ? ಆದರೂ ಅಂದೆ.

ಜನವರಿ 30, ಗುರುವಾರ

ಖಾಸಿಂಬಿ ಅಮ್ಮ ತಾವೇ ಬಂದುಬಿಟ್ಟರು. ಹುಮನಾಬಾದ್ ಕಡೆಯ ಬಸ್ಸಿನಲ್ಲಿ, ಸಿದ್ರಾಳ ಕೈ ಹಿಡಿದು, ಚೀಲದ ತುಂಬ ಕೆಂಪು ಬಾಳೆಹಣ್ಣು ತುಂಬಿಕೊಂಡು. ನನ್ನ ಕೋಣೆಯ ಮೆಟ್ಟಿಲಲ್ಲಿ ಎರಡು ಸಲ ಕೂತು ಎದ್ದರಂತೆ. ನೀರು ಕುಡಿದರು. ಕಂಪ್ಯೂಟರನ್ನು ನೋಡಿದರು. ಮಗಳು ಅದರೊಳಗೇ ಇದ್ದಾಳೆ ಅನ್ನುವಂಥ ನೋಟ.

"ನಮ್ಮ ಮಾವ ಹೆಣ್ಣುಮಕ್ಕಳ ಫೋಟೊ ತಗಸಗೊಡ್ತಿರಲಿಲ್ಲ ಯವ್ವಾ. ಇದ್ದಿದ್ದು ಆ ಮದುವಿ ಕ್ಯಾಸೆಟ್ ಒಂದೇ. ಅದು ಬೀಗರ ಮನಿಗೆ ಹೋತು. ಅಳಿಯಗ ಎರಡನೇ ಮದುವಿ ಆದಮ್ಯಾಲ ಅದನ್ನ ಯಾರು ಇಟ್ಕೊಂತಾರ?"

ಆಮೇಲೆ ಹೇಳಿದ್ದನ್ನು ಆದಷ್ಟು ಹಾಗೆಯೇ ಬರೆಯುತ್ತೇನೆ.

"ಆಕಿ ಧ್ವನಿ ನೆನಪದ. ನಡಿಗಿ ನೆನಪದ. ಎಡಗೈ ಮಣಿಕಟ್ಟಿನ ಮ್ಯಾಲ ತವಾ ಸುಟ್ಟಿದ್ದ ಕಲಿ ನೆನಪದ. ಮಾರಿ ಮರತು ಹೋಗಾಕತ್ತದ. ಕಣ್ಣು ಮುಚ್ಚಿದ್ರ ಈ ಸಿದ್ರಾನ ಮಾರಿನೇ ಬರ್ತದ. ಸಿದ್ರಾನ ಮ್ಯಾಲ ಜೀವ ಇಟ್ಟೀನಿ, ಆದ್ರ ಸಿದ್ರಾ ಸಿದ್ರಾನೇ. ನನಗ ನನ್ನ ಶಮೀಮ್ ಬೇಕು. ಹೆತ್ತಾಕಿ ನಾನೇ ಮರತು ಕುಂತ್ರ ಮುಂದ ಯಾರು?"

ಆಗಲೇ ಹೇಳಬೇಕಿತ್ತು. ಅಳಿಸಿದ್ದೇನೆ ಅಮ್ಮಾ, ನಾನೇ, ಇದೇ ಕೈಯಿಂದ.

"ಹುಡುಕ್ತೀನ್ರಿ," ಅಂದೆ.

"ನಿನ್ನ ಕೈಯಾಗ ಅದ ಯವ್ವಾ," ಅಂದರು. ಕೈ ಹಿಡಿದು ಕಣ್ಣಿಗೆ ಒತ್ತಿಕೊಂಡರು. ಅವರು ಹೋದ ಮೇಲೆ ಬಚ್ಚಲಲ್ಲಿ ಕೈ ತೊಳೆಯುತ್ತ ನಿಂತುಬಿಟ್ಟಿದ್ದೆ.

ಫೆಬ್ರವರಿ 3, ಸೋಮವಾರ

ಸೂಪರ್ ಮಾರ್ಕೆಟ್ಟಿನಲ್ಲಿ ಅಳಿಸಿದ ಡೇಟಾ ವಾಪಸು ತೆಗೆಯುವ ಅಂಗಡಿ. ಹಾರ್ಡ್ ಡಿಸ್ಕ್ ಅಂಗಡಿಯವನ ಹತ್ತಿರ ಎರಡು ದಿನ ಇತ್ತು. "ಮ್ಯಾಲ ಮ್ಯಾಲ ಸೇವ್ ಮಾಡೀರಿ ಮೇಡಂ. ಕೆಳಗ ಏನೂ ಉಳಿದಿಲ್ಲ." ಮತ್ತೊಮ್ಮೆ ನೋಡಪ್ಪಾ ಅಂದೆ. ನೋಡಿದ. ಉಳಿದಿಲ್ಲ.

ಮದುವೆಯನ್ನು ಮತ್ತೆ ಮೊದಲಿನಿಂದ ನೋಡಿದೆ, ಫ್ರೇಮ್ ಫ್ರೇಮ್. ಎಲ್ಲೋ ಒಂದು ಕಡೆ ಬಿಟ್ಟಿರುತ್ತೇನೆ, ಕಣ್ಣು ತಪ್ಪಿರುತ್ತದೆ. ಸ್ಟೀಲ್ ತಾಟಿನಲ್ಲಿ, ಗ್ಲಾಸಿನಲ್ಲಿ, ಬಳೆಯ ಗಾಜಿನಲ್ಲಿ... ಎಲ್ಲೂ ಇಲ್ಲ. ನಾನು ಇಷ್ಟು ಅಚ್ಚುಕಟ್ಟಾಗಿ ಜನ್ಮದಲ್ಲಿ ಬೇರೆ ಕೆಲಸ ಮಾಡಿಲ್ಲ. ತಾಟಿನ ಪ್ರತಿಬಿಂಬಕ್ಕೂ ಬಣ್ಣ ಬಳಿದಿದ್ದೇನೆ, ಪಾಪಿ.

ಮಣಿಕಟ್ಟಿನ ಸುಟ್ಟ ಕಲೆ ಮಾತ್ರ ಕಾಣುತ್ತದೆ, ಮೆಹಂದಿಯ ಅಂಚಿನಲ್ಲಿ. ನಗು ಕೇಳಿಸುತ್ತದೆ. ನಗುತ್ತ ನಗುತ್ತ ನಡುವೆ ಒಮ್ಮೆ ಉಸಿರು ಒಳಗೆಳೆದುಕೊಳ್ಳುತ್ತಾಳೆ. ಅದು ಈಗ ನನಗೆ ಬಾಯಿಪಾಠ.

ಆಪಾಳನ್ನು ಕೇಳಿದೆ. ನೀ ಎದುರಿಗೇ ಇದ್ದಿ, ಹೇಗಿದ್ದಳು?

"ನಾ ಎಲ್ಲಿ ನೋಡಿದ್ನವ್ವ? ಆ ಕ್ಯಾಮೆರಾದ ಕಿಂಡ್ಯಾಗ ಎಲ್ಲಾ ಕರಿ-ಬಿಳಿ. ಹೆಬ್ಬಟ್ಟಿನಷ್ಟು ಮಾರಿ. ಬೆಳಕು ಸಾಕೋ ಬೇಕೋ ಅಷ್ಟೇ ನೋಡ್ತಿದ್ದೆ."

ಬೇರೆ ಕ್ಯಾಸೆಟ್ ಏನಾದರೂ? ಇಲ್ಲ. ಎಲ್ಲಾ ನೀರೊಲೆಗೆ ಹೋಗಿವೆ.

ಫೆಬ್ರವರಿ 8, ಶನಿವಾರ

ಆ ಮದುವೆಯಲ್ಲಿ ಲೈಟ್ ಹಿಡಿದದ್ದು ನಾನು. ಹನ್ನೆರಡು ವರ್ಷ ನನಗೆ. ಅಷ್ಟು ಬೆಳಕು ಬಿಟ್ಟದ್ದು ಆ ಮುಖದ ಮೇಲೇ. ನೆನಪಾಗುವುದು ಏನು? ಲೈಟಿನ ಹಿಡಿಕೆ ಸುಡುತ್ತಿತ್ತು. ಹುಳ ಬಂದು ಗಾಜಿಗೆ ಬಡಿದು ಬೀಳುತ್ತಿದ್ದವು. ತಾಟಿನಲ್ಲಿ ಕೆಂಪು ಬಾಳೆಹಣ್ಣು ಕೊಟ್ಟರು, ನಾನು ಅಂಥದ್ದನ್ನು ಮೊದಲ ಸಲ ತಿಂದೆ. ಹಣ್ಣು ನೆನಪಿದೆ, ಮುಖ ಇಲ್ಲ.

ಇದ್ದಿಲು ಹಿಡಿದು ಬರೆಯಲು ಕೂತೆ. ಬರೆದದ್ದೆಲ್ಲ ಯಾರ್ಯಾರೋ ಆಗಿ ಬಂದರು. ಕೊನೆಯದು ಅವ್ವ. ಹರಿದು ಹಾಕಿದೆ. ಅಳು ಬಂತು. ಕಾಲೇಜಿಗೆ ಹೋಗಲಿಲ್ಲ.

ಫೆಬ್ರವರಿ 11, ಮಂಗಳವಾರ

ಸಿದ್ರಾಳ ಫೋನು. ದಾದಿ ಓಣಿಗೆಲ್ಲ ಹೇಳಿದ್ದಾರಂತೆ, ನನ್ನ ಮಗಳ ಮಾರಿ ಬರಾಕತ್ತದ ಅಂತ. ದಿನಾ ಸಂಜೆ ಇವಳು ಬಸ್ಸಿಳಿಯುವುದನ್ನೇ ಕಾಯುತ್ತಾರೆ, ಕೈಯಲ್ಲಿ ಏನಾದರೂ ತಂದಳೇನೋ ಅಂತ.

"ರೋಜಾ ಉಪಾಸ ಬರೂದ್ರೊಳಗ ಸಿಗ್ತದೇನ್ರಿ ಮೇಡಂ?"

ಪಿಕ್ಚರ್ ಹಾಳಾಗಿದೆ, ಸರಿ ಮಾಡುತ್ತಿದ್ದೇನೆ ಅಂದೆ. ಸುಳ್ಳು ಎಷ್ಟು ಸಲೀಸಾಗಿ ಬಂತು ಅಂದರೆ ನನಗೇ ಹೇಸಿಗೆ.

"ನನ್ನ ಫೋಟೊ ಕಳಸ್ಲೇನ್ರಿ? ಉಪಯೋಗ ಆಗ್ತದೇನೋ. ಎಲ್ಲಾರೂ ನಾ ಅತ್ತಿ ಹಂಗೇ ಇದ್ದೀನಂತಾರ."

ಬೇಡ ಅನ್ನಬೇಕಿತ್ತು.

ಫೋಟೊ ಬಂದವು. ಬಲಕ್ಕೆ ತಿರುಗಿದ್ದು, ಎಡಕ್ಕೆ ತಿರುಗಿದ್ದು, ನಕ್ಕಿದ್ದು, ತಲೆ ತಗ್ಗಿಸಿದ್ದು. ಹುಡುಗಿ ಜಾಣೆ.

ಫೆಬ್ರವರಿ 16, ಭಾನುವಾರ

ಸಾಫ್ಟ್‌ವೇರ್ ಕೇಳುವುದು ಇಷ್ಟೇ: ಒಂದು ಮುಖ ಕೊಡು, ಒಂದು ಜಾಗ ತೋರಿಸು. ಒರೆಸಲು ತಿಂಗಳುಗಟ್ಟಲೆ ಬೇಕಾಯಿತು. ತುಂಬಲು ಒಂದು ಮಧ್ಯಾಹ್ನ ಸಾಕಾಯಿತು.

ಮೂಗು ತುಸು ದಪ್ಪ ಮಾಡಿದೆ. ಹುಬ್ಬು ಕೂಡಿಸಿದೆ. ಹಳೆಯ ಟೇಪಿನ ಗೆರೆ, ಮಸುಕು ಎಲ್ಲ ಹಾಕಿದೆ. ಜಲ್ವಾದ ಕನ್ನಡಿಯಲ್ಲಿ ಮುಖ ಬಂತು. ಚೆಂದ ಬಂತು. ಕಣ್ಣೆತ್ತಿ ಮದುಮಗನನ್ನು ನೋಡುತ್ತಾಳೆ, ತಟ್ಟನೆ ತಗ್ಗಿಸುತ್ತಾಳೆ.

ಯಾರಿಗೂ ಕೆಡುಕಿಲ್ಲ. ಮುದುಕಿಗೆ ನೆಮ್ಮದಿ. ಸೋದರತ್ತೆ-ಸೊಸೆ ಒಂದೇ ರಕ್ತ, ತೀರಾ ಸುಳ್ಳೂ ಅಲ್ಲ... ಹೀಗೆ ಏನೇನೋ ಹೇಳಿಕೊಳ್ಳುತ್ತಿದ್ದೇನೆ. ಊಟ ಸೇರಲಿಲ್ಲ.

ಫೆಬ್ರವರಿ 23, ಭಾನುವಾರ

ಕಮಲಾಪುರಕ್ಕೆ ಹೋಗಿಬಂದೆ.

ಅದೇ ಅಂಗಳ. ಬಾವಿಗೆ ಕಬ್ಬಿಣದ ಜಾಲಿ ಬಂದಿದೆ. ಬಾಳೆ ಹಾಗೇ ಇದೆ. ಖಾಸಿಂಬಿ ಅಮ್ಮ ಇಸ್ತ್ರಿ ಮಾಡಿದ ಸೀರೆ ಉಟ್ಟು ಕೂತಿದ್ದರು, ಬೀಗರು ಬರುವವರಿದ್ದಾರೆ ಅನ್ನುವ ಹಾಗೆ. ಮಗ ಶಬ್ಬೀರ್, ಸಿದ್ರಾಳ ಅಪ್ಪ, ಹೊಲದಿಂದ ಬಂದು ಬಾಗಿಲ ಬಳಿ ನಿಂತ. ಲ್ಯಾಪ್‌ಟಾಪ್ ತೆರೆದೆ. ಕನ್ನಡಿ, ಕನ್ನಡಿಯಲ್ಲಿ ಮುಖ.

ಅಮ್ಮ ಇನ್ನೊಮ್ಮೆ ಅಂತ ಕೈ ಸನ್ನೆ ಮಾಡಿದರು. ಇನ್ನೊಮ್ಮೆ. ಆಮೇಲೆ ಪರದೆಯ ಮೇಲೆ ಬೆರಳಿಟ್ಟು ಅತ್ತರು. ಶಬ್ಬೀರನೂ ಅತ್ತ. "ಅಕ್ಕ ಹಿಂಗೇ ನೋಡ್ತಿದ್ದಳು. ಹಿಂಗೇ, ಹಿಂಗೇ." ಅಕ್ಕನ ಮದುವೆಯಲ್ಲಿ ಅವನಿಗೆ ಹದಿನಾರೋ ಹದಿನೇಳೋ. ನೆನಪಿರಬೇಕಿತ್ತು ಅವನಿಗೆ. ಅವನೊಬ್ಬ ಇದು ಅಲ್ಲ ಅನ್ನಲಿ ಅಂತ ಕಾದೆ. ಅನ್ನಲಿಲ್ಲ.

"ನೋಡು ಯವ್ವಾ," ಅಂದರು ಅಮ್ಮ, ನಗುತ್ತ, ಮೂಗು ಒರೆಸಿಕೊಳ್ಳುತ್ತ. "ಕಣ್ಣು ಮುಚ್ಚಿದಾಗ ಬರ್ತಿತ್ತಲ್ಲ, ಅದೇ ಮಾರಿ. ನಾ ಸಿದ್ರಾಂದು ಅಂತ ತಿಳ್ಕೊಂಡು ಸುಮ್ಮನ ಹೆದರಿದ್ದೆ. ನಾ ಮರತೇ ಇರಲಿಲ್ಲ."

ತಟ್ಟೆಯಲ್ಲಿ ಮಂಡಕ್ಕಿಯ ಸುಸಲಾ, ಮಿರ್ಚಿ ಇಟ್ಟರು. ತಿಂದೆ. ಹೇಗೆ ತಿಂದೆನೋ.

ಸಿದ್ರಾ ಬಸ್ ಸ್ಟ್ಯಾಂಡಿನವರೆಗೆ ಬಂದಳು. ಬಸ್ಸು ಬಂದಾಗ ಅಂದಳು, "ಮೇಡಂ, ಅದು ನಾನು."

ಹ್ಞೂಂ ಅಂದೆ.

"ಹಂಗಾರ ಅತ್ತಿ ಮಾರಿ ಎಲ್ಲಿ?"

ಹೇಳಿದೆ. ಬಸ್ಸಿನ ಬಾಗಿಲಲ್ಲಿ ನಿಂತೇ ಹೇಳಿಬಿಟ್ಟೆ. ಕಂಡಕ್ಟರ್ ಹತ್ರಿ ಹತ್ರಿ ಅನ್ನುತ್ತಿದ್ದ. ಅವಳು ದುಪಟ್ಟಾ ಮುಖದ ಮೇಲೆ ಎಳೆದುಕೊಂಡು ತಿರುಗಿ ನಡೆದಳು.

ಫೆಬ್ರವರಿ 25, ಮಂಗಳವಾರ

ಕಮಲಾಪುರದ ಸುದ್ದಿ ಕಿವಿಗೆ ಬಿದ್ದು ಆಪಾ ಕೇಳಿದಳು, ಎಲ್ಲಿಂದ ತಂದಿ ಮಾರಿ? ತಲೆ ತಗ್ಗಿಸಿದೆ. ಅವಳಿಗೆ ತಿಳಿಯಿತು.

"ಮುಚ್ಚು ಅಂದಿದ್ದೆ ಮಲ್ಲಿಕಾ. ಬದಲು ಮಾಡು ಅಂದಿರಲಿಲ್ಲ."

ಮಾರ್ಚ್ 14, ಶುಕ್ರವಾರ

ಸಿದ್ರಾ ಒಂದು ಫೋಟೊ ಕಳಿಸಿದ್ದಾಳೆ, ಮಾತಿಲ್ಲ. ಶಬ್ಬೀರ್ ಅವತ್ತು ಪರದೆಯ ಮುಖವನ್ನು ಮೊಬೈಲಿನಲ್ಲಿ ಹಿಡಿದುಕೊಂಡದ್ದನ್ನು ಪ್ರಿಂಟ್ ಹಾಕಿಸಿ ಫ್ರೇಮ್ ಕಟ್ಟಿಸಿದ್ದಾನೆ. ಖಾಸಿಂಬಿ ಅಮ್ಮ ಅದನ್ನು ಎದೆಗೆ ಹಿಡಿದು ಕೂತಿದ್ದಾರೆ. ಮುಖದಲ್ಲಿ ಎಂಥ ನೆಮ್ಮದಿ.

ಕೆಲಸ ಮಾಡಲಾಗುತ್ತಿಲ್ಲ. ಇನ್ನೊಂದು ಊರಿನ ಪ್ರದರ್ಶನಕ್ಕೆ ಆಗುವುದಿಲ್ಲ ಎಂದು ಬರೆದೆ. ಕಂಪ್ಯೂಟರ್ ಹಚ್ಚಿದರೆ ಎಲ್ಲ ಮುಖವಿಲ್ಲದ ಹೆಂಗಸರೂ ನನ್ನ ಕಡೆಗೇ ತಿರುಗಿದಂತೆ. ಎಷ್ಟು ತಾಯಂದಿರು, ಎಷ್ಟು ಮಕ್ಕಳು. ಯಾರ್ಯಾರ ಮನೆಯಲ್ಲಿ ಫೋಟೊ ಇದೆಯೋ ಇಲ್ಲವೋ. ಒಬ್ಬರನ್ನಾದರೂ ಕೇಳಿದ್ದೆನೇ?

ಏಪ್ರಿಲ್ 8, ಮಂಗಳವಾರ

ಸಾಕು. ಇನ್ನು ಈ ಕೆಲಸ ಇಲ್ಲ. ವಿಸಿಆರ್, ವೈರು, ಎಲ್ಲ ರಿಪೇರಿ ಅಂಗಡಿಯ ರಾಮಣ್ಣನಿಗೆ ಕೊಟ್ಟೆ. ಮಾನಿಟರ್ ಎತ್ತರವಾಗಲಿ ಅಂತ ಕೆಳಗಿಟ್ಟುಕೊಂಡಿದ್ದ ಆಪಾಳ ಕೆಟ್ಟ ವಿಸಿಆರನ್ನೂ ಕೊಟ್ಟೆ. ಬಿಡಿ ಭಾಗಕ್ಕಾದರೂ ಆಗಲಿ.

ಸಂಜೆ ರಾಮಣ್ಣನ ಫೋನು. "ಮೇಡಂ, ಇದರ ಹೊಟ್ಟ್ಯಾಗ ಒಂದು ಕ್ಯಾಸೆಟ್ ಸಿಕ್ಕೊಂಡದ. ಬೇಕೇನ್ರಿ?"

ಏಪ್ರಿಲ್ 10, ಗುರುವಾರ

ರಾಮಣ್ಣ ರೀಲು ಬಿಡಿಸಿ, ಬೂಸ್ಟು ಒರೆಸಿ, ಬೇರೆ ಕ್ಯಾಸೆಟ್ಟಿಗೆ ಸುತ್ತಿಕೊಟ್ಟ. ಹಳೆ ಕ್ಯಾಸೆಟ್ಟಿನ ಚೀಟಿ ನೋಡಿ ಆಪಾ, "ಇದು ಕಮಲಾಪುರದ್ದು, ಒಂದು ಹಳದಿ ಶಾಸ್ತ್ರ. ಮಷಿನ್ ನುಂಗಿಬಿಟ್ಟಿತ್ತು, ಆ ಮನಿಯವರ ಮುಂದ ನಾ ಎಷ್ಟು ಸಣ್ಣಾಕಿ ಆಗಿದ್ದೆ," ಅಂದಳು. ಶಮೀಮಳ ಮದುವೆಗಿಂತ ಒಂದು ವರ್ಷ ಹಿಂದಿನದು. ಬೇರೆ ಯಾರದೋ ಮದುವೆ.

ರಾಮಣ್ಣನಿಗೆ ಕೊಟ್ಟ ವಿಸಿಆರ್ ವಾಪಸು ತಂದು ಕಂಪ್ಯೂಟರಿಗೆ ಹಚ್ಚಿ ಹಾಕಿದೆ. ಗೆರೆ, ಗೆರೆ, ಆಮೇಲೆ ಹೆಂಗಸರು. ಹಳದಿ ಅರೆಯುತ್ತಿದ್ದಾರೆ.

ನಗು ಕೇಳಿಸಿತು. ಉಸಿರು ಒಳಗೆಳೆದುಕೊಂಡು ನಗುವ ನಗು. ಗೋಡೆಗೆ ಒರಗಿ ಕೂತ ಒಬ್ಬ ಹೆಂಗಸು. ನಲವತ್ತರ ಒಳಗಿನ ಖಾಸಿಂಬಿ, ಗುರುತು ಸಿಗದೆ ಇರುವುದಿಲ್ಲ. "ಶಮೀಮ್, ಅರಿಷಿಣ ಇಕ್ಕಡೆ ತಾ" ಅಂತ ಕರೆಯುತ್ತಾರೆ. ಪಕ್ಕದ ಹುಡುಗಿ ಬಟ್ಟಲು ಎತ್ತಿಕೊಡುತ್ತಾಳೆ. ಎಡಗೈ, ಮಣಿಕಟ್ಟಿನ ಮೇಲೆ ಕಲೆ. ಆಮೇಲೆ ಕ್ಯಾಮೆರಾದ ಕಡೆ ತಿರುಗುತ್ತಾಳೆ.

ಉದ್ದ ಮುಖ. ಮುಂದಿನ ಹಲ್ಲು ಒಂದರ ಮೇಲೊಂದು. ಹುಬ್ಬು ತೆಳು. ಕೆನ್ನೆಯಲ್ಲಿ ಒಂದು ಕುಳಿ, ಒಂದೇ ಕಡೆ. ಸಿದ್ರಾಳ ಹಾಗೆ ಇಲ್ಲ. ಎಳ್ಳಷ್ಟೂ ಇಲ್ಲ.

ನಾನು ಹೂಡಿದ ಸುಳ್ಳೆಲ್ಲ ಈ ಹುಡುಗಿಯ ತಲೆಯ ಮೇಲೆ ನಡೆದಿತ್ತು. ಅವಳ ಮೇಲೆ ಮಾನಿಟರ್ ಇಟ್ಟುಕೊಂಡು ಅವಳನ್ನು ಒರೆಸಿದೆ.

ಆಪಾ ನನ್ನ ಬೆನ್ನ ಹಿಂದೆ ನಿಂತು ನೋಡಿದಳು. "ಇದನ್ನ ಒರೆಸಬ್ಯಾಡ," ಅಂದಳು. "ತಾಯಿಗೆ ಒಯ್ದು ಕೊಡು. ಹೊಡದ್ರ ಹೊಡಸ್ಕೊ."

ಏಪ್ರಿಲ್ 13, ಭಾನುವಾರ. ಬಸ್ಸಿನಲ್ಲಿ

ಮರೆಯುವ ಮೊದಲು ಬರೆದುಬಿಡುತ್ತೇನೆ.

ಎಲ್ಲ ಹೇಳಬೇಕು ಅಂತಲೇ ಹೋಗಿದ್ದೆ. ಮೊದಲು ತೋರಿಸುವುದು, ಅವರು ಗುರುತು ಹಿಡಿದು ಅಳುವಾಗ ಕಾಲಿಗೆ ಬೀಳುವುದು. ಖಾಸಿಂಬಿ ಅಮ್ಮ ಹಬ್ಬದ ಶಾವಿಗೆ ನನಗೆಂದು ಎತ್ತಿಟ್ಟು ಇವತ್ತು ಬೇಯಿಸಿದ್ದರು. ಗೋಡೆಯ ಮೇಲೆ ಫ್ರೇಮು. ಸಿದ್ರಾ ಬಾಗಿಲಲ್ಲಿ ನಿಂತಳು, ನನ್ನನ್ನು ನೋಡಲಿಲ್ಲ. ಅವಳಿಗೆ ಫೋನಿನಲ್ಲಿ ಮೊದಲೇ ಹೇಳಿದ್ದೆ, ನಿಜವಾದದ್ದು ಸಿಕ್ಕಿದೆ ಅಂತ.

ಅಂಗಳದಲ್ಲಿ ಶಬ್ಬೀರನ ಜೊತೆ ಬಾಳೆಕಾಯಿ ವ್ಯಾಪಾರದ ಗಂಡಸರು ಕೂತಿದ್ದರು. ಹಳದಿ ಶಾಸ್ತ್ರದ ಹೆಂಗಸರ ದನಿ ಅವರ ಕಿವಿಗೆ ಬೀಳಬಾರದು. ಆಪಾ ಹಾಕಿದ ಅಭ್ಯಾಸ. ಸೌಂಡ್ ಬಂದ್ ಮಾಡಿಯೇ ಹಚ್ಚಿದೆ.

ಅಮ್ಮ ಕನ್ನಡಕ ಹಾಕಿಕೊಂಡು ಬಾಗಿದರು. ಮುಖ ಅರಳಿತು.

"ಅಯ್ಯ, ಇದು ನಾನು. ನೋಡು ಸಿದ್ರಾ, ನಿಮ್ಮ ದಾದಿ. ಎಷ್ಟು ತೆಳ್ಳಗ ಇದ್ದೆ. ಇಕಿ ನಮ್ಮ ನಾದಿನಿ. ಈ ಅರಿಯಾಕತ್ತಾಕಿ ಭೀಮಬಾಯಿ, ಬಾಜೂ ಮನಿಯಾಕಿ, ಹೋದ ವರ್ಷ ತೀರಕೊಂಡ್ಳು ಪಾಪ."

ಪಕ್ಕದ ಹುಡುಗಿ ಬಟ್ಟಲು ಎತ್ತಿಕೊಟ್ಟಳು. ಕ್ಯಾಮೆರಾದ ಕಡೆ ತಿರುಗಿದಳು. ನಕ್ಕಳು. ಅಲ್ಲೇ ನಿಲ್ಲಿಸಿದೆ.

ಅಮ್ಮ ನೋಡಿದರು. ಕನ್ನಡಕ ತೆಗೆದು ಒರೆಸಿ ಮತ್ತೆ ನೋಡಿದರು. ಗೋಡೆಯ ಮೇಲಿನ ಫ್ರೇಮಿನ ಕಡೆ ಒಮ್ಮೆ ನೋಡಿದರು. ಯಾಕೆ ನೋಡಿದರೋ.

"ಈ ಹುಡುಗಿ ಯಾರವ್ವ? ನನ್ನ ಮಗ್ಗಲ ಕುಂತಾಳ."

ಬೆರಳು ಸೌಂಡಿನ ಕೀ ಮೇಲಿತ್ತು. ಒತ್ತಿದ್ದರೆ ಅವರದೇ ದನಿ ಶಮೀಮ್ ಅನ್ನುತ್ತಿತ್ತು. ಸಿದ್ರಾ ಬಾಗಿಲಿನಿಂದ ತಲೆ ಅಲ್ಲಾಡಿಸಿದಳು. ಬೇಡ, ಬೇಡ ಅಂತ. ಕಣ್ಣಲ್ಲಿ ನೀರು.

"ಗೊತ್ತಿಲ್ರಿ ಅಮ್ಮಾ," ಅಂದೆ.

"ನಕ್ರ ಎಷ್ಟು ಚಂದ ಕಾಣಸ್ತಾಳ," ಅಂದರು. ಪರದೆಯ ಮೇಲೆ ಆ ಹುಡುಗಿಯ ಕೆನ್ನೆ ಸವರಿದರು. "ಇಕಿನ್ನ ಒರೆಸಬ್ಯಾಡ ಯವ್ವಾ. ಇಕಿಗೂ ಒಬ್ಬಾಕಿ ತಾಯಿ ಇದ್ದಿರಬೇಕಲ್ಲ. ಎಲ್ಲಿದ್ದಾಳೋ ಹುಡುಕಿ ಕೊಡು. ನನಗ ಕೊಟ್ಟಂಗ ಆಕಿಗೂ ಕೊಡು. ಕಾಯಾಕತ್ತಿರ್ತಾಳ."

ಆಗಲ್ರಿ ಅಂದೆ. ಹುಡುಕಿ ಕೊಡ್ತೀನಿ ಅಂದೆ.

ಶಾವಿಗೆ ಡಬ್ಬಿ ತೊಡೆಯ ಮೇಲಿದೆ, ಇನ್ನೂ ಬಿಸಿ ಇದೆ. ಲ್ಯಾಪ್‌ಟಾಪ್ ಚೀಲದಲ್ಲಿದೆ. ಅವಳು ಅದರಲ್ಲಿ ನಗುತ್ತ ನಿಂತೇ ಇದ್ದಾಳೆ, ನಾನು ಬಂದ್ ಮಾಡಲಿಲ್ಲ. ಈಗ ಇವಳನ್ನು ಯಾರ ಮನೆಗೆ ಒಯ್ಯಲಿ, ಯಾರ ಕೈಗೆ ಕೊಡಲಿ.